ಸಾಸೇಜ್ ಹಾಕಿದ ತರಕಾರಿ ಸ್ಟ್ಯೂ: ಪದೇ ಪದೇ ಕೇಳುವ ಪ್ರಶ್ನೆಗಳು

ದಾವಣಗೆರೆ, ಚಿತ್ರದುರ್ಗದ ಅಡುಗೆಮನೆಗಳಿಂದ ಮತ್ತೆ ಮತ್ತೆ ಬರುವ ಪ್ರಶ್ನೆಗಳು ಇಲ್ಲಿವೆ. ಅಳತೆಯೆಲ್ಲ ನಾಲ್ಕು ಜನರ ಊಟಕ್ಕೆ. ಟೀ ಚಮಚ ಎಂದರೆ 5 ಮಿ.ಲೀ., ಊಟದ ಚಮಚ ಎಂದರೆ 15 ಮಿ.ಲೀ.

## ಮೊದಲ ಸಲ ಮಾಡುವವರಿಗೆ

ಇದೂ ಸಾಗು ಥರಾನೇ ಅಲ್ವಾ? ಬೇರೆ ಏನಿದೆ ಇದರಲ್ಲಿ?

ಸಾಗುವಿಗೆ ಕಾಯಿ, ಹಸಿಮೆಣಸಿನಕಾಯಿ, ಕೊತ್ತಂಬರಿ ರುಬ್ಬಿ ಹಾಕುತ್ತೇವೆ. ಅಲ್ಲಿ ರುಚಿ ಮಸಾಲೆಯದ್ದು. ಸ್ಟ್ಯೂಗೆ ಏನನ್ನೂ ರುಬ್ಬುವುದಿಲ್ಲ. ಚೆನ್ನಾಗಿ ಬಾಡಿಸಿದ ಈರುಳ್ಳಿ, ಕೆಂಪಗೆ ಹುರಿದ ಸಾಸೇಜ್ ಪಾತ್ರೆಯ ತಳದಲ್ಲಿ ಬಿಟ್ಟ ಜಿಡ್ಡು, ಸಣ್ಣ ಉರಿಯಲ್ಲಿ ತರಕಾರಿ ಬಿಟ್ಟ ಸಾರ, ಇವು ಮೂರರಿಂದಲೇ ರುಚಿ ಹುಟ್ಟಬೇಕು. ಕೇರಳದವರು ಅಪ್ಪಂ ಜೊತೆ ಕೊಡುವ ಬಿಳಿ ಸ್ಟ್ಯೂ ತೆಂಗಿನ ಹಾಲಿನದು. ಇಲ್ಲಿ ಹೇಳುತ್ತಿರುವುದು ಟೊಮೆಟೊ ಹಾಕಿದ, ಯುರೋಪಿನ ಮನೆಗಳಲ್ಲಿ ಚಳಿಗಾಲಕ್ಕೆ ಮಾಡುವ ಬಗೆಯದು.

ಏನೇನು ಬೇಕು, ಎಷ್ಟೆಷ್ಟು?

ಸಾಸೇಜ್ 250 ಗ್ರಾಂ, ಈರುಳ್ಳಿ 200 ಗ್ರಾಂ, ಆಲೂಗಡ್ಡೆ 250 ಗ್ರಾಂ, ಟೊಮೆಟೊ 250 ಗ್ರಾಂ, ಕ್ಯಾರೆಟ್ 150 ಗ್ರಾಂ, ಎಲೆಕೋಸು 150 ಗ್ರಾಂ, ಬೀನ್ಸ್ 100 ಗ್ರಾಂ, ಒಂದು ಸಣ್ಣ ನವಿಲುಕೋಸು. ಒಣ ಅಲಸಂದೆ ಅಥವಾ ರಾಜ್ಮಾ 100 ಗ್ರಾಂ, ನೆನೆಸಿ ಬೇಯಿಸಿದ್ದು. ಬೆಳ್ಳುಳ್ಳಿ 6 ಎಸಳು, ಬ್ಯಾಡಗಿ ಮೆಣಸಿನಕಾಯಿ ಪುಡಿ 1 ಟೀ ಚಮಚ, ಕಾಳುಮೆಣಸಿನ ಪುಡಿ ಅರ್ಧ ಟೀ ಚಮಚ, ಎಣ್ಣೆ 2 ಊಟದ ಚಮಚ, ನೀರು 700 ಮಿ.ಲೀ.

ಉಪ್ಪನ್ನು ಪಟ್ಟಿಯಲ್ಲಿ ಬೇಕೆಂದೇ ಬರೆದಿಲ್ಲ. ಯಾಕೆಂದು ಮುಂದೆ ಗೊತ್ತಾಗುತ್ತದೆ. ಎಣ್ಣೆ ಯಾವುದಾದರೂ ಸರಿ. ಚಳ್ಳಕೆರೆ ಕಡೆಯ ಗಾಣದ ಶೇಂಗಾ ಎಣ್ಣೆ ಮನೆಯಲ್ಲಿದ್ದರೆ ಅದಕ್ಕಿಂತ ಒಳ್ಳೆಯದು ಹುಡುಕುವುದು ಬೇಡ.

ಅಂಗಡೀಲಿ ನಾಲ್ಕೈದು ಥರ ಸಾಸೇಜ್ ಇಟ್ಟಿದಾರೆ. ಯಾವುದು ತರಲಿ?

ನಮ್ಮೂರ ಅಂಗಡಿಗಳ ಫ್ರೀಜರ್‌ನಲ್ಲಿ ಸಿಗುವುದು ಹೆಚ್ಚಾಗಿ ಚಿಕನ್ ಸಾಸೇಜ್, ಅದೂ ಕಾರ್ಖಾನೆಯಲ್ಲೇ ಬೇಯಿಸಿ ತಣ್ಣಗೆ ಮಾಡಿದ್ದು. ಪೊಟ್ಟಣದ ಹಿಂದೆ ಬೇಯಿಸಿದ್ದೋ ಹಸಿಯೋ ಎಂದು ಬರೆದಿರುತ್ತದೆ, ಮೊದಲು ಅದನ್ನು ಓದಿ. ಬೇಯಿಸಿದ್ದಾದರೆ ನಿಮ್ಮ ಕೆಲಸ ಹುರಿದು ಬಿಸಿ ಮಾಡುವುದಷ್ಟೇ. ಹಸಿಯದಾದರೆ ಒಳಭಾಗ 74 ಡಿಗ್ರಿ ಸೆಲ್ಸಿಯಸ್ ಮುಟ್ಟುವವರೆಗೆ ಬೇಯಬೇಕು; ಥರ್ಮಾಮೀಟರ್ ಇಲ್ಲದಿದ್ದರೆ ಮಧ್ಯಕ್ಕೆ ಕತ್ತರಿಸಿ ನೋಡಿ, ತಿರುಳು ಎಲ್ಲೂ ಮೆತ್ತಗೆ ಅಂಟಂಟಾಗಿ ಇರಬಾರದು. ಬೇಯಿಸಿದ ಸಾಸೇಜ್ ಗುಲಾಬಿ ಬಣ್ಣ ಇದೆಯೆಂದು ಹೆದರಬೇಡಿ. ಅದು ಕೆಡದಂತೆ ಸೇರಿಸುವ ನೈಟ್ರೈಟ್‌ನಿಂದ ಬರುವ ಬಣ್ಣ, ಎಷ್ಟು ಕುದಿಸಿದರೂ ಹೋಗುವುದಿಲ್ಲ.

ಚೀಸ್ ತುಂಬಿದ ಸಾಸೇಜ್ ಬೇಡ, ಕುದಿಯುವಾಗ ಚೀಸ್ ಸೋರಿ ಸಾರೆಲ್ಲ ಜಿಡ್ಡಾಗುತ್ತದೆ. ಕಾಳುಮೆಣಸು, ಬೆಳ್ಳುಳ್ಳಿ ಇರುವುದು ಚೆನ್ನಾಗಿ ಹೊಂದುತ್ತದೆ. ಗೋವಾದ ಚೊರಿಸ್ ಯಾರಾದರೂ ತಂದುಕೊಟ್ಟರೆ 100 ಗ್ರಾಂ ಸಾಕು: ಅದು ಹಸಿ ಹಂದಿಮಾಂಸದ್ದು, ವಿನೆಗರ್, ಉಪ್ಪು, ಖಾರ ಮೂರೂ ಜೋರು, ಮತ್ತು ಅದನ್ನು ಈರುಳ್ಳಿಯ ಜೊತೆಗೇ ಹಾಕಿ ಪೂರ್ತಿ ಬೇಯಿಸಬೇಕು.

ಫ್ರೀಜರ್‌ನಿಂದ ತೆಗೆದು ಹಂಗೇ ಹಾಕಬಹುದಾ?

ಹಾಕಿದರೆ ಹೊರಗೆ ಕೆಂಪಾಗುವುದೇ ಇಲ್ಲ, ನೀರು ಬಿಟ್ಟುಕೊಂಡು ಬೇಯುತ್ತದೆ. ಹಿಂದಿನ ರಾತ್ರಿ ಫ್ರಿಜ್‌ನ ಕೆಳಗಿನ ತಟ್ಟೆಗೆ ಇಳಿಸಿ. ಮರೆತಿದ್ದರೆ ಪೊಟ್ಟಣ ಬಿಚ್ಚದೆ ತಣ್ಣೀರಿನಲ್ಲಿ ಮುಳುಗಿಸಿ, ಮುಕ್ಕಾಲು ಗಂಟೆಯೊಳಗೆ ಸಡಿಲವಾಗುತ್ತದೆ. ಕಟ್ಟೆಯ ಮೇಲೆ ಬಿಟ್ಟು ಕರಗಿಸುವುದು ಬೇಡ, ನಮ್ಮ ಬೇಸಿಗೆಯಲ್ಲಂತೂ ಬೇಡವೇ ಬೇಡ. ಅರ್ಧ ಕರಗಿದಾಗಲೇ ಕತ್ತರಿಸಿಕೊಂಡರೆ ಬಿಲ್ಲೆಗಳು ಅಚ್ಚುಕಟ್ಟಾಗಿ ಬರುತ್ತವೆ.

ಕರೆಂಟ್ ಹೋಗಿ ಪೂರ್ತಿ ಮೆತ್ತಗಾದ ಪೊಟ್ಟಣವನ್ನು ಮತ್ತೆ ಗಟ್ಟಿಯಾಗಲು ಇಡಬೇಡಿ. ಮುಟ್ಟಿದರೆ ಇನ್ನೂ ತಣ್ಣಗಿದ್ದರೆ ಅವತ್ತೇ ಅಡುಗೆ ಮಾಡಿ, ಬೆಚ್ಚಗಾಗಿದ್ದರೆ ಎಸೆಯಿರಿ. ಅಂಗಡಿಯಲ್ಲಿ ಕೊಳ್ಳುವಾಗಲೂ ನೋಡಿ: ಪೊಟ್ಟಣದೊಳಗೆ ಮಂಜಿನ ಹರಳು ದಪ್ಪಗೆ ಕಟ್ಟಿದ್ದರೆ ಅದು ಒಮ್ಮೆ ಕರಗಿ ಮತ್ತೆ ಗಟ್ಟಿಯಾಗಿರುವ ಸಾಧ್ಯತೆ ಹೆಚ್ಚು.

ಮೊದಲಿಂದ ಕೊನೆವರೆಗೆ ಕ್ರಮವಾಗಿ ಹೇಳಿ.

ದಪ್ಪ ತಳದ ಅಗಲ ಪಾತ್ರೆ ಇಡಿ. ಸಾಸೇಜನ್ನು ಬಟ್ಟೆಯಲ್ಲಿ ಒರೆಸಿ, ಬೆರಳಗಲದ ತುಂಡು ಮಾಡಿ. ಒಂದು ಚಮಚ ಎಣ್ಣೆ ಕಾದ ಮೇಲೆ ತುಂಡುಗಳನ್ನು ಒಂದಕ್ಕೊಂದು ತಾಗದಂತೆ ಹರಡಿ, ಮಧ್ಯಮ ಉರಿಯಲ್ಲಿ ಎರಡೂ ಕಡೆ ಕೆಂಪಗೆ ಮಾಡಿ. 5ರಿಂದ 6 ನಿಮಿಷ ಹಿಡಿಯುತ್ತದೆ. ತೆಗೆದು ಬದಿಗಿಡಿ. ಇನ್ನು ಕೊನೆಯ ಐದು ನಿಮಿಷದವರೆಗೆ ಅದಕ್ಕೆ ಕೆಲಸವಿಲ್ಲ.

ಅದೇ ಜಿಡ್ಡಿಗೆ ಹೆಚ್ಚಿದ ಈರುಳ್ಳಿ ಹಾಕಿ, 8ರಿಂದ 10 ನಿಮಿಷ ಬಾಡಿಸಿ. ತಳಕ್ಕೆ ಹಿಡಿದ ಕಂದು ಪದರ ಈರುಳ್ಳಿಯ ನೀರಿಗೆ ಬಿಟ್ಟುಕೊಳ್ಳುತ್ತದೆ; ಬಿಡದಿದ್ದರೆ ಎರಡು ಚಮಚ ನೀರು ಚಿಮುಕಿಸಿ ಸೌಟಿನಿಂದ ಕೆರೆಯಿರಿ. ಬೆಳ್ಳುಳ್ಳಿ, ಬ್ಯಾಡಗಿ ಪುಡಿ ಹಾಕಿ ಅರ್ಧ ನಿಮಿಷ ಕೈಯಾಡಿಸಿ. ಆಲೂಗಡ್ಡೆ, ಕ್ಯಾರೆಟ್, ನವಿಲುಕೋಸನ್ನು ಒಂದಂಗುಲದ ಹೋಳು ಮಾಡಿ ಹಾಕಿ, ನೀರು ಹೊಯ್ದು, ಮುಚ್ಚಿ, ಸಣ್ಣ ಉರಿಯಲ್ಲಿ 12ರಿಂದ 15 ನಿಮಿಷ ಬೇಯಿಸಿ.

ಅಷ್ಟರಲ್ಲಿ ಪಕ್ಕದ ಒಲೆಯ ಮೇಲೆ ಉಳಿದ ಎಣ್ಣೆಯಲ್ಲಿ ಟೊಮೆಟೊ ಬಾಡಿಸಿ. ಹಸಿ ವಾಸನೆ ಹೋಗಿ ಎಣ್ಣೆ ಅಂಚಿಗೆ ಬರಬೇಕು. ಆಲೂಗಡ್ಡೆಗೆ ಚಾಕು ಸಲೀಸಾಗಿ ಇಳಿಯಿತೆಂದರೆ ಟೊಮೆಟೊ, ಬೀನ್ಸ್, ಬೆಂದ ಕಾಳು ಸೇರಿಸಿ 6 ನಿಮಿಷ; ಆಮೇಲೆ ಎಲೆಕೋಸು, 4 ನಿಮಿಷ. ಕೊನೆಗೆ ಸಾಸೇಜ್ ಹಾಕಿ, ಗುಳುಗುಳು ಕುದಿಯದಂತೆ 5 ನಿಮಿಷ ಬಿಸಿ ಮಾಡಿ. ಈಗ ರುಚಿ ನೋಡಿ, ಬೇಕಿದ್ದಷ್ಟು ಉಪ್ಪು ಹಾಕಿ. ಕಾಳುಮೆಣಸು ಉದುರಿಸಿ ಇಳಿಸಿ, ಮುಚ್ಚಿ 10 ನಿಮಿಷ ಬಿಡಿ.

## ತರಕಾರಿ, ಕಾಳು, ನೀರು

ಸಂತೆಯಿಂದ ತಂದದ್ದೆಲ್ಲ ಹಾಕಬಹುದಾ?

ಸಿಹಿಗುಂಬಳ, ಮೂಲಂಗಿ, ಹಸಿ ಬಟಾಣಿ, ಅವರೆಕಾಳು, ದೊಣ್ಣೆಮೆಣಸಿನಕಾಯಿ ಎಲ್ಲ ಸರಿಯೇ. ಬೀಟ್‌ರೂಟ್ ಒಂದು ತುಂಡು ಬಿದ್ದರೂ ಪಾತ್ರೆಯೆಲ್ಲ ಅದರ ಬಣ್ಣ. ಬೆಂಡೆ ಲೋಳೆ ಬಿಡುತ್ತದೆ. ಹಾಗಲಕಾಯಿ ಬೇಡ. ಬದನೆ ಕರಗಿಹೋಗುತ್ತದೆ, ಸಾರು ಮಂದವಾಗಲಿ ಎಂದಿದ್ದರೆ ಮಾತ್ರ ಹಾಕಿ. ಎಲೆಕೋಸು, ಹೂಕೋಸನ್ನು ಮೊದಲೇ ಹಾಕುವವರೇ ಹೆಚ್ಚು. ಅವು ಹೆಚ್ಚು ಬೆಂದಷ್ಟೂ ಗಂಧಕದ ವಾಸನೆ ಬಿಡುತ್ತವೆ, ಅದು ಸಾಸೇಜಿನ ವಾಸನೆಯ ಜೊತೆ ಸೇರಿದರೆ ಮಕ್ಕಳು ತಟ್ಟೆ ಪಕ್ಕಕ್ಕೆ ತಳ್ಳುತ್ತಾರೆ.

ಆಲೂಗಡ್ಡೆ ಮುಕ್ಕಾಲು ಗಂಟೆ ಕುದಿಸಿದರೂ ಒಳಗೆ ಗಟ್ಟಿ ಗಟ್ಟಿ. ಯಾಕೆ?

ಟೊಮೆಟೊ ಮೊದಲೇ ಹಾಕಿರುತ್ತೀರಿ. ತರಕಾರಿಯ ಕೋಶಗಳನ್ನು ಅಂಟಿಸಿ ಹಿಡಿದಿರುವುದು ಪೆಕ್ಟಿನ್. ಹುಳಿ ನೀರಿನಲ್ಲಿ ಅದು ಬೇಗ ಕರಗುವುದಿಲ್ಲ. ಹುಣಸೆರಸ ಹಾಕಿದ ಮೇಲೆ ಹುಳಿಯಲ್ಲಿ ಬೇಳೆ, ತರಕಾರಿ ಬೇಯುವುದಿಲ್ಲ ಎಂದು ಮನೆಯ ಹಿರಿಯರು ಹೇಳುವುದು ಇದೇ ಕಾರಣಕ್ಕೆ. ಅದಕ್ಕೇ ಮೇಲಿನ ಕ್ರಮದಲ್ಲಿ ಟೊಮೆಟೊ ಬೇರೆ ಬಾಣಲೆಗೆ ಹೋದದ್ದು. ಈಗಾಗಲೇ ಗಟ್ಟಿಯಾಗಿ ಕೂತಿದ್ದರೆ ಹೋಳುಗಳನ್ನು ಆರಿಸಿ ತೆಗೆದು ಬರೀ ನೀರಿನಲ್ಲಿ ಬೇಯಿಸಿ ಮತ್ತೆ ಸೇರಿಸಿ.

ನಮ್ಮದು ಬೋರ್ ನೀರು. ಕಾಳು ಎಷ್ಟು ಹೊತ್ತು ಇಟ್ಟರೂ ಬೇಯಲ್ಲ, ಸಿಪ್ಪೆ ಮಾತ್ರ ಬಿಡುತ್ತೆ.

ಗಡಸು ನೀರಿನ ಕ್ಯಾಲ್ಸಿಯಂ, ಮೆಗ್ನೀಸಿಯಂ ಕಾಳಿನ ಪೆಕ್ಟಿನ್‌ಗೆ ಅಂಟಿ ಅದನ್ನು ಇನ್ನಷ್ಟು ಬಿಗಿ ಮಾಡುತ್ತವೆ. ಪಾತ್ರೆಗೆ ಬಿಳಿ ಪದರ ಕಟ್ಟುವ ನೀರಾದರೆ ಅದನ್ನೇ ದೂರಿ. ಫಿಲ್ಟರ್ ನೀರು ಕುಡಿಯಲು ಇದೆಯಲ್ಲ, ಕಾಳು ನೆನೆಸುವುದಕ್ಕೂ ಬೇಯಿಸುವುದಕ್ಕೂ ಅದನ್ನೇ ಬಳಸಿ. 100 ಗ್ರಾಂ ಕಾಳಿಗೆ ಎರಡು ಲೀಟರ್ ಮೀರುವುದಿಲ್ಲ. ಫಿಲ್ಟರ್ ಇಲ್ಲದಿದ್ದರೆ ಬೋರ್ ನೀರನ್ನು 10 ನಿಮಿಷ ಕುದಿಸಿ, ಆರಿಸಿ, ತಳದ ಬಿಳಿ ಗಸಿ ಬಿಟ್ಟು ಮೇಲಿನ ತಿಳಿ ತೆಗೆದುಕೊಳ್ಳಿ. ಗಡಸುತನ ಪೂರ್ತಿ ಹೋಗದಿದ್ದರೂ ಒಂದಷ್ಟು ಇಳಿಯುತ್ತದೆ.

ನೆನೆಸುವ ನೀರಿಗೆ ಲೀಟರಿಗೆ ಒಂದು ಊಟದ ಚಮಚ ಉಪ್ಪು ಹಾಕಿ 8ರಿಂದ 10 ಗಂಟೆ ಬಿಡಿ. ಉಪ್ಪು ಹಾಕಿದರೆ ಕಾಳು ಬೇಯುವುದಿಲ್ಲ ಎಂಬ ಮಾತು ನೆನೆಸುವ ಹಂತಕ್ಕೆ ತಿರುಗುಮುರುಗು: ಉಪ್ಪಿನ ಸೋಡಿಯಂ ಸಿಪ್ಪೆಯ ಕ್ಯಾಲ್ಸಿಯಂ ಜಾಗಕ್ಕೆ ಬಂದು ಸಿಪ್ಪೆ ಮೆತ್ತಗಾಗುತ್ತದೆ. ಆ ನೀರು ಚೆಲ್ಲಿ, ಕಾಳು ತೊಳೆದು, ಹೊಸ ನೀರಿನಲ್ಲಿ ಬೇಯಿಸಿ. ಅಡುಗೆ ಸೋಡಾ ಹಾಕುವುದಾದರೆ ಒಂದೇ ಚಿಟಿಕೆ. ಹೆಚ್ಚಾದರೆ ಸಾಬೂನಿನ ರುಚಿ ಬರುತ್ತದೆ, ಥಯಾಮಿನ್ ಎಂಬ ಬಿ1 ಜೀವಸತ್ವವೂ ನಷ್ಟ. ಇಷ್ಟಾಗಿಯೂ ಬೇಯದಿದ್ದರೆ ಕಾಳೇ ಹಳೆಯದು.

ರಾಜ್ಮಾ ಅರೆಬೆಂದದ್ದು ತಿಂದರೆ ವಾಂತಿ, ಭೇದಿ ಆಗುತ್ತದೆ. ಕುಕ್ಕರ್‌ನಲ್ಲಿ ಹಿಸುಕಿದರೆ ನುಣ್ಣಗಾಗುವಷ್ಟು ಬೇಯಿಸಿಯೇ ಸ್ಟ್ಯೂಗೆ ಹಾಕಿ.

ಅಷ್ಟೊತ್ತು ಯಾರು ನಿಲ್ತಾರೆ? ಕುಕ್ಕರ್‌ನಲ್ಲಿ ಎಷ್ಟು ವಿಷಲ್ ಕೂಗಿಸಬೇಕು?

ಒಂದೇ. ಈರುಳ್ಳಿ ಬಾಡಿಸಿದ ಮೇಲೆ ಆಲೂಗಡ್ಡೆ, ಕ್ಯಾರೆಟ್, ನವಿಲುಕೋಸು ಹಾಕಿ, ನೀರು 500 ಮಿ.ಲೀ.ಗೆ ಇಳಿಸಿ (ಆವಿ ಹೆಚ್ಚು ಹೋಗುವುದಿಲ್ಲ), ಒಂದು ವಿಷಲ್ ಆದ ಮೇಲೆ ಒಲೆ ಆರಿಸಿ, ಒತ್ತಡ ತಾನೇ ಇಳಿಯಲಿ. ಮುಚ್ಚಳ ತೆಗೆದ ಮೇಲೆಯೇ ಟೊಮೆಟೊ, ಬೀನ್ಸ್, ಕಾಳು, ಎಲೆಕೋಸು, ಸಾಸೇಜ್. ಸಾರು ಮಂದವಾಗಲೆಂದು ಹಿಟ್ಟು ಕಲಸಿದ ನೀರನ್ನು ಮುಚ್ಚುವ ಮೊದಲೇ ಹಾಕಿದರೆ ತಳ ಹಿಡಿಯುವುದು ಖಂಡಿತ.

ಗರಂ ಮಸಾಲೆ, ಸಾಂಬಾರ್ ಪುಡಿ ಇಲ್ದೇ ಸಪ್ಪೆ ಅನ್ಸಲ್ವಾ?

ಸಾಂಬಾರ್ ಪುಡಿ ಹಾಕಿದರೆ ಸಾಸೇಜ್ ಸಾಂಬಾರ್ ಆಗುತ್ತದೆ. ತಿನ್ನಲು ಅಡ್ಡಿಯಿಲ್ಲ, ಆದರೆ ಅದಕ್ಕೆ ಇಷ್ಟೆಲ್ಲ ಓದಬೇಕಿರಲಿಲ್ಲ. ಸಾಸೇಜಿನಲ್ಲಿ ಮಸಾಲೆ ಇದ್ದೇ ಇದೆ. ಬೇಕಿರುವುದು ಸೊಪ್ಪಿನ ಪರಿಮಳ. ಯುರೋಪಿನಲ್ಲಿ ಥೈಮ್, ಓರೆಗಾನೊ ಹಾಕುತ್ತಾರೆ. ನಮ್ಮಲ್ಲಿ ಓಮದ ಕಾಳಿನಲ್ಲಿ ಥೈಮ್‌ನಲ್ಲಿರುವ ಥೈಮಾಲ್ ಎಂಬ ಅಂಶವೇ ಇದೆ, ಕಾಲು ಟೀ ಚಮಚವನ್ನು ಅಂಗೈಯಲ್ಲಿ ಉಜ್ಜಿ ಈರುಳ್ಳಿಗೆ ಹಾಕಿ. ಹಿತ್ತಲಲ್ಲಿ ದೊಡ್ಡಪತ್ರೆ ಇದ್ದರೆ ಇನ್ನೂ ಒಳ್ಳೆಯದು, ಅದರ ಘಮ ಓರೆಗಾನೊಗೆ ಬಹಳ ಹತ್ತಿರ: ಎರಡು ಎಲೆ ಸಣ್ಣಗೆ ಹೆಚ್ಚಿ ಕೊನೆಯಲ್ಲಿ ಹಾಕಿ. ಎರಡನ್ನೂ ಒಟ್ಟಿಗೆ ಬೇಡ, ಕಷಾಯ ಕುಡಿದಂತಾಗುತ್ತದೆ. ಪಿಜ್ಜಾ ಜೊತೆ ಬಂದ ಓರೆಗಾನೊ ಪೊಟ್ಟಣಗಳು ಡಬ್ಬಿಯಲ್ಲಿ ಉಳಿದಿದ್ದರೆ ಅವಕ್ಕೂ ಇದೇ ಸರಿಯಾದ ಜಾಗ. ಪಲಾವ್ ಎಲೆ ಹಾಕಬಹುದು, ಆದರೆ ಅದರದು ಚಕ್ಕೆಯ ಕಡೆಗಿನ ಪರಿಮಳ. ಅರ್ಧ ಎಲೆ ಸಾಕು.

## ಕೆಟ್ಟಾಗ

ಸಾಸೇಜ್ ಒಡೆದು ಬಾಯಿ ಬಿಟ್ಟುಕೊಂಡಿದೆ, ತಿಂದರೆ ರಬ್ಬರ್ ಥರ.

ಜೋರಾಗಿ ಕುದಿಸಿದ್ದೀರಿ, ಇಲ್ಲವೇ ತರಕಾರಿ ಜೊತೆ ಮೊದಲಿಂದಲೇ ಹಾಕಿದ್ದೀರಿ. ಒಳಗಿನ ನೀರು ಉಬ್ಬಿ ಹೊರಪದರ ಸೀಳುತ್ತದೆ, ಜಿಡ್ಡು ಸಾರಿಗೆ ಸೋರುತ್ತದೆ, ಉಳಿದ ಪ್ರೋಟೀನ್ ಬಿಗಿದುಕೊಳ್ಳುತ್ತದೆ. ಕುರಿಮಾಂಸ ಹೆಚ್ಚು ಬೆಂದಷ್ಟೂ ಮೆತ್ತಗಾಗುವುದನ್ನು ನೋಡಿದ ಕೈ ಇಲ್ಲಿ ಎಡವುತ್ತದೆ. ಕುರಿಮಾಂಸದಲ್ಲಿ ಕರಗಬೇಕಾದ ನರ, ನಾರು ಇರುತ್ತದೆ. ಅರೆದು ತುಂಬಿ ಬೇಯಿಸಿದ ಸಾಸೇಜಿನಲ್ಲಿ ಅಂಥದ್ದು ಹೆಚ್ಚೇನೂ ಉಳಿದಿಲ್ಲ.

ಹುರಿಯುವಾಗ ಬಿಳಿ ನೀರು ಬಿಟ್ಟರೆ ಬಾಣಲೆಯಲ್ಲಿ ತುಂಡು ಹೆಚ್ಚಾಗಿವೆ. ಎರಡು ಸಲ ಮಾಡಿ ಹುರಿಯಿರಿ.

ಉಪ್ಪು ಜಾಸ್ತಿ ಆಯ್ತು. ಆಲೂಗಡ್ಡೆ ಹಾಕಿದರೆ ಎಳೆದುಕೊಳ್ಳುತ್ತಾ?

ಎಳೆದುಕೊಳ್ಳುವುದಿಲ್ಲ. ಆಲೂಗಡ್ಡೆ ತನ್ನೊಳಗೆ ಹೋದ ನೀರಿನಷ್ಟೇ ಉಪ್ಪು ಹಿಡಿಯುತ್ತದೆ, ಹೊರಗಿನ ಸಾರು ಉಪ್ಪಾಗಿಯೇ ಉಳಿಯುತ್ತದೆ. ಉಪಾಯ ಒಂದೇ, ಉಪ್ಪಿಲ್ಲದ್ದನ್ನು ಸೇರಿಸಿ ತೆಳುಮಾಡುವುದು: ಬೆಂದ ಆಲೂಗಡ್ಡೆ ಅಥವಾ ಕಾಳು 200 ಗ್ರಾಂ, ಬಿಸಿನೀರು ಒಂದು ಲೋಟ. ಬಡಿಸುವಾಗ ಉಪ್ಪಿಲ್ಲದ ರೊಟ್ಟಿ ಇದ್ದರೆ ಇನ್ನಷ್ಟು ಮುಚ್ಚಿಹೋಗುತ್ತದೆ.

ಇದು ಯಾಕಾಗುತ್ತದೆಂದರೆ, ಸಾಸೇಜ್ ತೂಕದಲ್ಲಿ ಸಾಮಾನ್ಯವಾಗಿ ನೂರಕ್ಕೆ ಒಂದೂವರೆಯಿಂದ ಎರಡು ಪಾಲು ಉಪ್ಪು. 250 ಗ್ರಾಂ ಹಾಕಿದಿರೆಂದರೆ ಹೆಚ್ಚುಕಡಿಮೆ ಮುಕ್ಕಾಲರಿಂದ ಒಂದು ಟೀ ಚಮಚ ಉಪ್ಪು ಪಾತ್ರೆಗೆ ಬಿತ್ತು. ತರಕಾರಿಗೆಂದು ಕೈ ಅಳತೆಯಲ್ಲಿ ಮೊದಲೇ ಹಾಕಿದ ಉಪ್ಪು ಅದರ ಮೇಲೆ. ಸಾಸೇಜ್ ಹಾಕಿ 5 ನಿಮಿಷ ಕಳೆಯುವವರೆಗೆ ಉಪ್ಪಿನ ಡಬ್ಬಿ ಮುಟ್ಟಬೇಡಿ. ಈ ಅಡುಗೆಯಲ್ಲಿ ಒಂದೇ ಒಂದು ನಿಯಮ ನೆನಪಿಡಬೇಕೆಂದರೆ ಅದು ಇದೇ. ಸ್ಟಾಕ್ ಕ್ಯೂಬ್ (ಸಾರಿಗೆ ರುಚಿ ಬರಲು ಹಾಕುವ ಅಂಗಡಿಯ ಒಣ ತುಂಡು) ಹಾಕುವ ಅಭ್ಯಾಸವಿದ್ದರೆ ಬಿಡಿ, ಅದೂ ಬಹುಪಾಲು ಉಪ್ಪೇ.

ನೀರು ನೀರಾಗಿದೆ. ಕಾರ್ನ್ ಫ್ಲೋರ್ ಹಾಕಲಾ?

ಮೊದಲು ಮುಚ್ಚಳ ತೆಗೆದು 5 ನಿಮಿಷ ನೋಡಿ. ಆಮೇಲೆ ನಾಲ್ಕೈದು ಹೋಳು ಆಲೂಗಡ್ಡೆ, ಒಂದು ಸೌಟು ಕಾಳು ಪಾತ್ರೆಯ ಬದಿಗೇ ಒತ್ತಿ ಹಿಸುಕಿ ಕಲಸಿ. ಮುಕ್ಕಾಲು ಪಾಲು ಸಲ ಇಷ್ಟೇ ಸಾಕು. ಇನ್ನೂ ಬೇಕೆಂದರೆ ಬಿಳಿಜೋಳದ ಹಿಟ್ಟು ಒಂದು ಊಟದ ಚಮಚವನ್ನು ಅರ್ಧ ಲೋಟ ತಣ್ಣೀರಿನಲ್ಲಿ ಗಂಟಿಲ್ಲದಂತೆ ಕದಡಿ, ಹೊಯ್ದು, ಹಸಿ ವಾಸನೆ ಹೋಗಲು 5 ನಿಮಿಷ ಕುದಿಸಿ. ಇದನ್ನೂ ಸಾಸೇಜ್ ಹಾಕುವ ಮೊದಲೇ ಮುಗಿಸಬೇಕು. ಪುಟಾಣಿ ಪುಡಿಯೂ ಆಗುತ್ತದೆ, ಆದರೆ ಅದರದ್ದೇ ರುಚಿ ಮೇಲೆ ಬರುತ್ತದೆ. ಕಾರ್ನ್ ಫ್ಲೋರ್ ಹಾಕಿದರೆ ಸಾರು ಪಳಪಳ ಹೊಳೆಯುತ್ತದೆ, ಗೋಬಿ ಮಂಚೂರಿ ನೆನಪಾಗುತ್ತದೆ.

ತಳ ಹಿಡೀತು. ಸರಿ ಮಾಡಬಹುದಾ?

ಸೌಟು ಆಡಿಸಬೇಡಿ, ಕೆರೆಯಬೇಡಿ. ಮೇಲಿನದನ್ನು ಹಾಗೆಯೇ ಬೇರೆ ಪಾತ್ರೆಗೆ ಬಗ್ಗಿಸಿ, ತಳದ ಒಂದಂಗುಲ ಬಿಟ್ಟುಬಿಡಿ. ರುಚಿ ನೋಡಿ, ಸುಟ್ಟ ಕಹಿ ಸಾರಿಗೇ ಇಳಿದಿದ್ದರೆ ಯಾವ ಉಪಾಯವೂ ಇಲ್ಲ.

## ತಟ್ಟೆಗೆ ಬಂದಾಗ

ರೊಟ್ಟಿ, ಮುದ್ದೆಗೆ ಹೊಂದುತ್ತಾ, ಬ್ರೆಡ್ಡೇ ಬೇಕಾ?

ಜೋಳದ ರೊಟ್ಟಿಗೆ ಬ್ರೆಡ್ಡಿಗಿಂತ ಚೆನ್ನಾಗಿ ಹೊಂದುತ್ತದೆ, ಗಟ್ಟಿ ಮಾಡಿ. ಮುದ್ದೆಗಾದರೆ ಸಾರು ಹರಿಯಬೇಕು: ನೀರು ಒಂದು ಲೀಟರ್ ಮಾಡಿ, ಅರ್ಧದಷ್ಟು ಕಾಳು ಹಿಸುಕಿ, ಖಾರ ಸ್ವಲ್ಪ ಏರಿಸಿ, ಸಾಸೇಜ್ ಸಣ್ಣಗೆ ಹೆಚ್ಚಿ. ಖಾಲಿ ದೋಸೆಯೂ ಒಳ್ಳೆಯ ಜೋಡಿ. ಬೆಣ್ಣೆ ದೋಸೆ ಬೇಡ, ಜಿಡ್ಡಿನ ಮೇಲೆ ಜಿಡ್ಡು. (ದಾವಣಗೆರೆಯಲ್ಲಿ ಕೂತು ಈ ಮಾತು ಬರೆಯಲು ಧೈರ್ಯ ಬೇಕು.)

ಮನೇಲಿ ಅತ್ತೆ, ಮಾವ ಮಾಂಸ ತಿನ್ನಲ್ಲ. ಎರಡು ಸಲ ಅಡುಗೆ ಮಾಡಬೇಕಾ?

ಬೇಡ. ಈರುಳ್ಳಿಯನ್ನು ಎಣ್ಣೆಯಲ್ಲೇ ಬಾಡಿಸಿ ಸ್ಟ್ಯೂ ಪೂರ್ತಿ ತರಕಾರಿಯದ್ದೇ ಮಾಡಿ, ಅವರ ಪಾಲನ್ನು ಮೊದಲೇ ತೆಗೆದಿಟ್ಟು, ಅದಕ್ಕೆ ಮಾತ್ರ ಉಪ್ಪು ಹದ ಮಾಡಿ. ಸಾಸೇಜ್ ಬೇರೆ ಬಾಣಲೆ, ಬೇರೆ ಸೌಟಿನಲ್ಲಿ ಹುರಿದು, ಆ ಬಾಣಲೆಗೇ ಉಳಿದ ಸ್ಟ್ಯೂ ಹೊಯ್ದು 5 ನಿಮಿಷ ಬಿಸಿ ಮಾಡಿ. ತರಕಾರಿಯದ್ದಕ್ಕೆ ಸಾಸೇಜಿನ ಜಿಡ್ಡಿನ ರುಚಿ ಇರುವುದಿಲ್ಲವಾದ್ದರಿಂದ ಟೊಮೆಟೊವನ್ನು ಒಂದು ಚಮಚ ಬೆಣ್ಣೆಯಲ್ಲಿ ಬಾಡಿಸಿ. ಸೋಯಾದಿಂದ ಮಾಡಿದ ಸಸ್ಯಾಹಾರಿ ಸಾಸೇಜ್ ಹಾಕುವುದಾದರೆ ಹುರಿದು ತಟ್ಟೆಗೆ ಬಡಿಸಿದ ಮೇಲೆ ಮೇಲಿಟ್ಟುಕೊಡಿ, ಸಾರಿನಲ್ಲಿ ಕುದಿದರೆ ಪುಡಿಯಾಗುತ್ತದೆ. ಕೊಳ್ಳುವಾಗ ಹಸಿರು ಗುರುತು ನೋಡಿ.

ಮಕ್ಕಳಿಗೆ, ಬಿಪಿ ಇರುವವರಿಗೆ ಕೊಡಬಹುದಾ?

ಐದು ವರ್ಷದೊಳಗಿನ ಮಕ್ಕಳಿಗೆ ದುಂಡು ಬಿಲ್ಲೆ ಕೊಡಬೇಡಿ, ಗಂಟಲಿಗೆ ಸರಿಯಾಗಿ ಕೂತು ಉಸಿರು ಕಟ್ಟಬಹುದು. ಉದ್ದಕ್ಕೆ ನಾಲ್ಕಾಗಿ ಸೀಳಿ ಸಣ್ಣಗೆ ಹೆಚ್ಚಿ. ಬಿಪಿ ಇರುವವರ ಪಾಲಿಗೆ ತರಕಾರಿ, ಕಾಳು ಹೆಚ್ಚಿರಲಿ, ಸಾಸೇಜ್ ಒಂದೆರಡು ತುಂಡು. ವಿಶ್ವ ಆರೋಗ್ಯ ಸಂಸ್ಥೆಯ ಕ್ಯಾನ್ಸರ್ ಸಂಶೋಧನಾ ಘಟಕವು 2015ರಲ್ಲಿ ಸಂಸ್ಕರಿಸಿದ ಮಾಂಸವನ್ನು ಕ್ಯಾನ್ಸರ್‌ಕಾರಕಗಳ ಪಟ್ಟಿಗೆ ಸೇರಿಸಿದೆ. ದೊಡ್ಡ ಕರುಳಿನ ಕ್ಯಾನ್ಸರ್ ಅಲ್ಲಿನ ಮುಖ್ಯ ಕಾಳಜಿ. ಆದ್ದರಿಂದ ಇದು ವಾರವಾರದ ಅಡುಗೆ ಆಗದಿರಲಿ. 150 ಗ್ರಾಂ ಸಾಸೇಜ್, 200 ಗ್ರಾಂ ಕಾಳು ಹಾಕಿದರೂ ರುಚಿಗೆ ಕೊರತೆಯಿಲ್ಲ.

ಉಳಿದದ್ದು ಎಷ್ಟು ದಿನ ಇಡಬಹುದು?

ಇಳಿಸಿದ ಎರಡು ಗಂಟೆಯೊಳಗೆ, ಏಪ್ರಿಲ್, ಮೇ ತಿಂಗಳಲ್ಲಾದರೆ ಒಂದು ಗಂಟೆಯೊಳಗೆ, ಫ್ರಿಜ್‌ಗೆ ಹೋಗಬೇಕು. ದೊಡ್ಡ ಪಾತ್ರೆ ಹಾಗೆಯೇ ಇಟ್ಟರೆ ನಡುಭಾಗ ಗಂಟೆಗಟ್ಟಲೆ ಬೆಚ್ಚಗಿರುತ್ತದೆ. ಅಗಲ ಡಬ್ಬಿಗಳಿಗೆ ಹಂಚಿ. ಮೂರು ದಿನ ಬರುತ್ತದೆ, ಮಾರನೇ ದಿನ ರುಚಿ ಏರಿರುತ್ತದೆ. ತಿನ್ನುವಷ್ಟನ್ನೇ ತೆಗೆದು ಒಂದು ಕುದಿ ಬರಿಸಿ. ಫ್ರೀಜರ್‌ಗೆ ಹಾಕುವುದಾದರೆ ಆಲೂಗಡ್ಡೆ ಹಾಕದೆ ಮಾಡಿ, ಅದು ಕರಗಿದಾಗ ಹಿಟ್ಟುಹಿಟ್ಟಾಗುತ್ತದೆ.

## ಕೈ ಪಳಗಿದವರಿಗೆ

ಸಾಸೇಜ್ ಮನೆಯಲ್ಲೇ ಮಾಡೋಕಾಗುತ್ತಾ, ಮಾಂಸ ತುಂಬೋ ಕರುಳಿನ ಪೊರೆ ಇಲ್ಲದೆ?

ಆಗುತ್ತದೆ. ಕೋಳಿಯ ತೊಡೆ ಮಾಂಸದ ಖೀಮಾ 500 ಗ್ರಾಂ (ಎದೆ ಮಾಂಸ ಒಣಗುತ್ತದೆ), ಉಪ್ಪು 8 ಗ್ರಾಂ, ಕಾಳುಮೆಣಸು 1 ಟೀ ಚಮಚ, ಜಜ್ಜಿದ ಬೆಳ್ಳುಳ್ಳಿ 4 ಎಸಳು, ಹಾಲಿನಲ್ಲಿ ನೆನೆಸಿ ಹಿಂಡಿದ ಒಂದು ಬ್ರೆಡ್ ತುಂಡು. ಖೀಮಾ, ಬಟ್ಟಲು ಎರಡೂ ಫ್ರಿಜ್‌ನಲ್ಲಿ ತಣ್ಣಗಾಗಿರಬೇಕು. ಮೊದಲು ಉಪ್ಪು ಮಾತ್ರ ಹಾಕಿ 4ರಿಂದ 5 ನಿಮಿಷ ನಾದಿ. ಕೈಗೆ ಅಂಟಿ ಎಳೆ ಎಳೆಯಾಗಿ ಬರಬೇಕು. ಉಪ್ಪು ಮಾಂಸದ ಪ್ರೋಟೀನನ್ನು ಹೊರಗೆಳೆದು ಅಂಟು ಮಾಡುವ ಹಂತ ಇದು. ಇದನ್ನು ಬಿಟ್ಟರೆ ಸಾಸೇಜ್ ಬದಲು ಉದುರುವ ಕಬಾಬ್ ಸಿಗುತ್ತದೆ. ಉಳಿದದ್ದು ಸೇರಿಸಿ, ಬೆಣ್ಣೆ ಕಾಗದದಲ್ಲಿ ಹೆಬ್ಬೆರಳ ದಪ್ಪಕ್ಕೆ ಸುತ್ತಿ, ತುದಿ ತಿರುಚಿ, ಒಂದು ಗಂಟೆ ಫ್ರಿಜ್‌ನಲ್ಲಿಟ್ಟು, ಇಡ್ಲಿ ಪಾತ್ರೆಯಲ್ಲಿ 20 ನಿಮಿಷ ಹಬೆಯಲ್ಲಿ ಬೇಯಿಸಿ. ಆರಿದ ಮೇಲೆ ಕಾಗದ ಬಿಚ್ಚಿ ಹುರಿಯಿರಿ. ನೈಟ್ರೈಟ್ ಇಲ್ಲವಾದ್ದರಿಂದ ಬಣ್ಣ ಬೂದು, ಬಾಳಿಕೆ ಎರಡೇ ದಿನ.

ಹೊಗೆಯ ರುಚಿ ಹೆಂಗೆ ತರೋದು?

ಟೊಮೆಟೊಗಳನ್ನು ಬಾಡಿಸುವ ಬದಲು ಬದನೆಕಾಯಿ ಸುಡುವಂತೆ ನೇರ ಉರಿಯ ಮೇಲೆ ಸಿಪ್ಪೆ ಕಪ್ಪಾಗುವವರೆಗೆ ಸುಡಿ, ಸಿಪ್ಪೆ ಸುಲಿದು ಹಿಸುಕಿ ಹಾಕಿ. ಕೆಂಡದ ಮೇಲೆ ಸುಟ್ಟರೆ ಇನ್ನೂ ಗಾಢ. ಬಾಟಲಿಯಲ್ಲಿ ಬರುವ ಹೊಗೆಯ ದ್ರವ ಬೇಡ, ಒಂದು ಹನಿ ಹೆಚ್ಚಾದರೂ ಔಷಧಿಯ ವಾಸನೆ.

ಇಪ್ಪತ್ತು ಜನಕ್ಕೆ ಮಾಡಬೇಕು. ಎಲ್ಲಾ ಐದು ಪಟ್ಟು ಮಾಡಿದರೆ ಆಯ್ತಾ?

ತರಕಾರಿ, ಕಾಳು, ಸಾಸೇಜ್ ಐದು ಪಟ್ಟು ಸರಿ. ನೀರು ಮೂರೂವರೆ ಲೀಟರ್ ಹೊಯ್ದರೆ ಸಾರು ತೆಳುವಾಗುತ್ತದೆ, ಯಾಕೆಂದರೆ ದೊಡ್ಡ ಪಾತ್ರೆಯಲ್ಲಿ ಹಿಡಿಸುವ ನೀರಿಗೆ ಹೋಲಿಸಿದರೆ ಆವಿಯಾಗುವುದು ಕಡಿಮೆ. ಎರಡೂವರೆ ಲೀಟರಿನಿಂದ ಶುರು ಮಾಡಿ, ಬೇಕಾದರೆ ಬಿಸಿನೀರು ಸೇರಿಸಿ. ಖಾರದ ಪುಡಿ ನಾಲ್ಕು ಪಟ್ಟು ಸಾಕು, ಓಮ ಮೂರು ಪಟ್ಟು. ಕುದಿ ಬರಲು, ಇಳಿಸಿದ ಮೇಲೆ ಆರಲು ಎರಡಕ್ಕೂ ಹೆಚ್ಚು ಹೊತ್ತು ಹಿಡಿಯುವುದರಿಂದ ಆಲೂಗಡ್ಡೆ ಹೋಳು ಒಂದೂವರೆ ಅಂಗುಲ ಇರಲಿ, ಎಲೆಕೋಸನ್ನು ಒಲೆ ಆರಿಸಿದ ಮೇಲೆಯೇ ಹಾಕಿ ಮುಚ್ಚಿ. ಸಾಸೇಜ್ ನಾಲ್ಕೈದು ಕಂತಿನಲ್ಲಿ ಹುರಿದು, ಮುಚ್ಚಿ ಬಿಸಿಯಾಗಿಟ್ಟು, ಪಂಕ್ತಿಗೆ ಕೂರುವ ಹತ್ತು ನಿಮಿಷ ಮೊದಲು ಸೇರಿಸಿ. ಎರಡನೇ ಪಂಕ್ತಿ ಇದ್ದರೆ ಅವರ ಪಾಲಿನ ಸಾಸೇಜ್ ಅಲ್ಲಿಯವರೆಗೂ ಪಾತ್ರೆಗೆ ಹೋಗಬಾರದು.